ಮೂಕಚಿತ್ರದ ಪಿಟೀಲು

ಪಿಟೀಲಿನ ಬೆಲೆಯನ್ನು ಕಣ್ಣು ಅಳೆಯಲಾರದು. ಅಗ್ಗದ ಬೆಲೆಗೆ ದೊರೆಯುವ ವಾದ್ಯವನ್ನೂ, ಅರಸರು ಆಸೆಪಟ್ಟು ಭಂಡಾರದಲ್ಲಿಟ್ಟುಕೊಂಡ ವಾದ್ಯವನ್ನೂ ಅಕ್ಕಪಕ್ಕದಲ್ಲಿರಿಸಿದರೆ, ತಿಳಿಯದವರಿಗೆ ಎರಡೂ ಒಂದೇ ಮಾಟದವು: ಅದೇ ಸಣ್ಣ ನಡು, ಅದೇ ನಾಲ್ಕು ತಂತಿ, ಅದೇ ನಾಲ್ಕು ಬಿರಡೆ. ಕಮಾನು ತಂತಿಯನ್ನು ಮುಟ್ಟಿದ ಕ್ಷಣದಲ್ಲಿಯೇ ಅವುಗಳ ಭೇದವು ತೋರತಕ್ಕದ್ದು. ಹೀಗಿರುವಲ್ಲಿ, ಕಣ್ಣಿಗೆ ಮಾತ್ರ ಗೋಚರವಾಗಿ ಕಿವಿಗೆ ಏನನ್ನೂ ಕೊಡಲಾರದ ಒಂದು ಕಲೆಯು ಪಿಟೀಲಿನ ಮಹಿಮೆಯನ್ನು ಹೇಳಹೊರಟರೆ ಅದರ ಪಾಡೇನಾದೀತು? ಜರ್ಮನಿ ದೇಶದಲ್ಲಿ ಚಲಚ್ಚಿತ್ರವು ಹುಟ್ಟಿದುದು ೧೮೯೫ರಲ್ಲಿ. ಅದು ಚೆನ್ನಾಗಿ ಮಾತು ಕಲಿತುದು ೧೯೩೦ರ ಹೊತ್ತಿಗೆ. ನಡುವಣ ಮೂವತ್ತೈದು ವರ್ಷಗಳಲ್ಲಿ ಚಿತ್ರಕ್ಕೂ ಪಿಟೀಲಿಗೂ ಇದ್ದ ಸಂಬಂಧವನ್ನು ಈ ಭಾಷಣದಲ್ಲಿ ವಿಚಾರಿಸೋಣ. ಆ ಸಂಬಂಧದಿಂದ ಅನ್ನವನ್ನು ಪಡೆದು, ಕೊನೆಗೆ ಅದನ್ನು ಕಳೆದುಕೊಂಡ ಕೆಲವರ ಕಥೆಯೂ ಇದರಲ್ಲಿ ಸೇರಿದೆ.

ಮೊದಲು, ಒಂದು ಪಿಟೀಲು ಬೆಲೆಯುಳ್ಳದ್ದೆಂದು ಯೂರೋಪಿನವರು ಹೇಗೆ ನಿರ್ಧರಿಸಿದರೆಂಬುದನ್ನು ನೋಡೋಣ. ಹದಿನಾರನೆಯ ಶತಮಾನದಲ್ಲಿ ಇಟಲಿಯ ಕ್ರೆಮೋನ ಪಟ್ಟಣದಲ್ಲಿ ಆಂದ್ರೇಯ ಅಮಾಟಿ ಎಂಬ ಕುಶಲಿಯು ಈ ವಾದ್ಯಕ್ಕೆ ಇಂದಿಗೂ ಉಳಿದಿರುವ ರೂಪವನ್ನು ಕೊಟ್ಟವರಲ್ಲಿ ಮುಖ್ಯನು. ಅದೇ ಊರಿನಲ್ಲಿ ಆಂಟೋನಿಯೊ ಸ್ಟ್ರಾಡಿವಾರಿಯು ತೊಂಬತ್ತು ವರ್ಷಗಳಿಗೂ ಮೀರಿದ ದೀರ್ಘಾಯುಷ್ಯದಲ್ಲಿ, ೧೭೩೭ರಲ್ಲಿ ತಾನು ಕಾಲವಾಗುವವರೆಗೆ, ಸಾವಿರಕ್ಕೂ ಹೆಚ್ಚು ವಾದ್ಯಗಳನ್ನು ಮಾಡಿದನು. ಅವುಗಳಲ್ಲಿ ಆರುನೂರೈವತ್ತರಷ್ಟು ಉಳಿದಿವೆಯೆಂದು ಎಣಿಸುತ್ತಾರೆ. ಇಂದು ಈತನ ಹೆಸರೇ ಪಿಟೀಲಿನ ಬೆಲೆಗೆ ಪರ್ಯಾಯಪದವಾಗಿದೆ. ಆದರೆ ಹಿಂದೆಯೂ ಹೀಗೆಯೇ ಇತ್ತೆಂದು ಭಾವಿಸುವುದು ತಪ್ಪು. ಹದಿನೆಂಟನೆಯ ಶತಮಾನದಲ್ಲಿ ಜರ್ಮನ್ ಭಾಷೆಯ ನಾಡುಗಳಲ್ಲಿ ಮೊದಲ ಮನ್ನಣೆಯಿದ್ದುದು ಕ್ರೆಮೋನದವನಿಗಲ್ಲ, ಟಿರೋಲ್ ಪರ್ವತಪ್ರಾಂತದ ಆಬ್ಸಾಮ್ ಎಂಬ ಹಳ್ಳಿಯ ಯಾಕೋಬ್ ಸ್ಟೈನರನಿಗೆ. ೧೬೮೩ರಲ್ಲಿ ತೀರಿಕೊಂಡ ಈತನ ವಾದ್ಯಗಳು ಉಬ್ಬಿದ ಹೊಟ್ಟೆಯವು. ಅವುಗಳ ನಾದವು ಕೊಳಲಿನಂತೆ ಮೃದು. ಸಂಗೀತಗಾರರು ಅವುಗಳಿಗೆ ಸ್ಟ್ರಾಡಿವಾರಿಯ ವಾದ್ಯಗಳಿಗಿಂತಲೂ ಹೆಚ್ಚು ಹಣವನ್ನು ಕೊಡುತ್ತಿದ್ದರು. ಮಹಾವಾಗ್ಗೇಯಕಾರನಾದ ಯೊಹಾನ್ ಸೆಬಾಸ್ಟಿಯನ್ ಬಾಖನು ೧೭೫೦ರಲ್ಲಿ ಗತಿಸಿದಾಗ ಬರೆದ ಆಸ್ತಿಯ ಪಟ್ಟಿಯಲ್ಲಿ ಒಂದು ಸ್ಟೈನರ್ ಪಿಟೀಲು ಎಂಟು ಥಾಲರ್ ಬೆಲೆಗೆ ನಮೂದಾಗಿದೆ.

ಈ ಮನ್ನಣೆಯು ಹೇಗೆ ಕೈಬದಲಾಯಿತು? ಸ್ಟೈನರನ ವಾದ್ಯಗಳೇನೂ ಕೆಡಲಿಲ್ಲ. ಬದಲಾದುದು ಕೇಳುವ ಸ್ಥಳ. ಅರಮನೆಯ ಚಿಕ್ಕ ತೊಟ್ಟಿಗಳಲ್ಲಿ ಹತ್ತಿಪ್ಪತ್ತು ಜನರ ಮುಂದೆ ನಡೆಯುತ್ತಿದ್ದ ಸಂಗೀತವು ಹಣ ಕೊಟ್ಟು ಬರುವ ನೂರಾರು ಜನರ ಸಭಾಂಗಣಕ್ಕೆ ಬಂದಿತು. ೧೭೮೨ರಲ್ಲಿ ಇಟಲಿಯ ವಿಯೋಟ್ಟಿ ಎಂಬ ವಾದಕನು ಪ್ಯಾರಿಸ್ ನಗರದಲ್ಲಿ ನುಡಿಸಿ ಹೆಸರಾದ ಮೇಲೆ ಅವನ ಕೈಯಲ್ಲಿದ್ದ ಸ್ಟ್ರಾಡಿವಾರಿಯ ಕೀರ್ತಿಯೂ ಏರಿತು. ಹೊಟ್ಟೆ ಚಪ್ಪಟೆಯಾಗಿದ್ದ ಕ್ರೆಮೋನದ ವಾದ್ಯಗಳ ನಾದವು ಹಿಂದಿನ ಸಾಲಿನವರೆಗೂ ಹರಿಯುತ್ತಿತ್ತು. ಉಬ್ಬು ಹೊಟ್ಟೆಯ ಸ್ಟೈನರ್ ಅಲ್ಲಿಗೆ ಸಾಲದಾಯಿತು. ಆದುದರಿಂದ ಪಿಟೀಲಿನ ಬೆಲೆಯು ಮರದಲ್ಲಿ ಮಾತ್ರ ಅಡಗಿದುದಲ್ಲ. ಕೈ, ಕಿವಿ, ಸಭೆ, ಕಾಲ ಇವೆಲ್ಲ ಕೂಡಿ ಅದನ್ನು ಕಟ್ಟುತ್ತವೆ. ಈ ಮಾತನ್ನು ಜ್ಞಾಪಕದಲ್ಲಿಟ್ಟುಕೊಂಡರೆ ಮುಂದಿನ ಕಥೆಯು ಸುಲಭವಾಗಿ ಅರ್ಥವಾಗುವುದು.

ಹತ್ತೊಂಬತ್ತನೆಯ ಶತಮಾನದ ಜರ್ಮನಿಯಲ್ಲಿ ಪಿಟೀಲು ಬಡವನ ಮನೆಗೂ ಬಂದಿತು. ಬವೇರಿಯ ಪ್ರಾಂತದ ಮಿಟನ್‌ವಾಲ್ಡ್‌ನಲ್ಲಿ ಮಥಿಯಾಸ್ ಕ್ಲೋಟ್ಸ್ ಎಂಬುವನು ಹದಿನೇಳನೆಯ ಶತಮಾನದ ಕೊನೆಯಲ್ಲಿ ಬೇರೂರಿಸಿದ ಕಸಬು ಊರಿಗೆ ಊರನ್ನೇ ವ್ಯಾಪಿಸಿತ್ತು. ಸ್ಯಾಕ್ಸನಿಯ ಮಾರ್ಕ್‌ನ್ಯೂಕಿರ್ಷನ್‌ನಲ್ಲಿ ಒಂದು ಮನೆಯವರು ಕತ್ತು, ಮತ್ತೊಂದು ಮನೆಯವರು ಹೊಟ್ಟೆ, ಮಗದೊಂದು ಮನೆಯವರು ಕಮಾನು ಎಂದು ಕೆಲಸವನ್ನು ಹಂಚಿಕೊಂಡು ಅಗ್ಗದ ವಾದ್ಯಗಳನ್ನು ಲೆಕ್ಕವಿಲ್ಲದಷ್ಟು ತಯಾರಿಸಿ ಲೋಕಕ್ಕೆಲ್ಲ ಕಳುಹಿಸುತ್ತಿದ್ದರು. ಇಂತಹ ಅನೇಕ ವಾದ್ಯಗಳ ಒಳಗೆ ಸ್ಟ್ರಾಡಿವಾರಿಯ ಅಥವಾ ಸ್ಟೈನರನ ಹೆಸರನ್ನು ಅಚ್ಚುಮಾಡಿದ ಚೀಟಿಯನ್ನು ಅಂಟಿಸುವುದೂ ವಾಡಿಕೆಯಾಗಿತ್ತು. ಅಜ್ಜನ ಕಾಲದ ಪೆಟ್ಟಿಗೆಯನ್ನು ತೆರೆದು, ಧೂಳು ಒರೆಸಿ, ಒಳಗಿನ ಚೀಟಿಯನ್ನು ಓದಿ, ತಾವು ಭಾಗ್ಯವಂತರಾದೆವೆಂದು ಹಿಗ್ಗಿ, ಮರುದಿನ ಅಂಗಡಿಯವನ ಮಾತು ಕೇಳಿ ಕುಗ್ಗಿದ ಸಂಸಾರಗಳು ಎಷ್ಟೋ. ಕಥೆಗಾರನಿಗೆ ಇದಕ್ಕಿಂತ ಒಳ್ಳೆಯ ಸಾಮಗ್ರಿ ಬೇಕೆ?

ಪಿಟೀಲನ್ನು ಕಥೆಯ ಜೀವವಾಗಿ ಮಾಡಿದವರಲ್ಲಿ ಜರ್ಮನ್ ಲೇಖಕನಾದ ಇ. ಟಿ. ಎ. ಹಾಫ್‌ಮನ್ನನು ಪ್ರಸಿದ್ಧನು. ಅವನ ಒಂದು ಕಥೆಯಲ್ಲಿ ಕ್ರೆಸ್ಪೆಲ್ ಎಂಬ ವಿಚಿತ್ರ ಸ್ವಭಾವದ ಗೃಹಸ್ಥನು ಹಳೆಯ ಪಿಟೀಲುಗಳನ್ನು ಕೊಂಡು, ಒಮ್ಮೆ ನುಡಿಸಿ, ಬಳಿಕ ಅವುಗಳ ಗುಟ್ಟನ್ನು ತಿಳಿಯಲೆಂದು ಬಿಚ್ಚಿಹಾಕುತ್ತಾನೆ. ಒಂದನ್ನು ಮಾತ್ರ ಬಿಚ್ಚಲು ಅವನಿಗೆ ಕೈಯೇಳದು. ಅವನ ಮಗಳು ಆಂಟೋನಿಯಳದು ಅಪೂರ್ವವಾದ ಕಂಠ; ಆದರೆ ಹಾಡಿದರೆ ಅವಳ ಪ್ರಾಣಕ್ಕೇ ಅಪಾಯ. ಆ ಪಿಟೀಲಿನ ದನಿಯಲ್ಲಿ ಅವಳು ತನ್ನ ದನಿಯನ್ನೇ ಕೇಳುತ್ತಾಳೆ. ಅವಳು ಸತ್ತಾಗ ಪಿಟೀಲಿನ ಒಳಗಿನ ಆಧಾರದ ಕಡ್ಡಿಯು ಮುರಿದು ಹೊಟ್ಟೆಯ ಹಲಗೆಯು ಸೀಳುತ್ತದೆ. ಆ ಪುಟ್ಟ ಕಡ್ಡಿಯನ್ನು ಇಟಲಿಯವರೂ ಫ್ರೆಂಚರೂ ತಮ್ಮ ತಮ್ಮ ಭಾಷೆಯಲ್ಲಿ ‘ಆತ್ಮ’ ಎಂದೇ ಕರೆಯುತ್ತಾರೆ. ಈ ಕಥೆಯು ೧೮೮೧ರಲ್ಲಿ ಓಫೆನ್‌ಬಾಖನ ಗೀತನಾಟಕದಲ್ಲಿ ಸೇರಿತು. ೧೯೧೬ರಲ್ಲಿ ರಿಖಾರ್ಡ್ ಓಸ್ವಾಲ್ಡನು ಹಾಫ್‌ಮನ್ನನ ಕಥೆಗಳನ್ನು ಜರ್ಮನಿಯಲ್ಲಿ ಮೂಕಚಿತ್ರವಾಗಿ ಮಾಡಿದನು. ಅಮೆರಿಕದಲ್ಲಿಯೂ ಡಿ. ಡಬ್ಲ್ಯು. ಗ್ರಿಫಿತ್ ೧೯೦೯ರಲ್ಲಿ ಕ್ರೆಮೋನದ ಪಿಟೀಲುಗಾರನೊಬ್ಬನ ಕಥೆಯನ್ನು ಒಂದೇ ಸುರುಳಿಯ ಕಿರುಚಿತ್ರವಾಗಿ ತೆಗೆದನು. ಅದರಲ್ಲಿ ಉತ್ತಮವಾದ ಪಿಟೀಲನ್ನು ಮಾಡಿದವನಿಗೆ ಗುರುವಿನ ಮಗಳನ್ನು ಕೊಡುವುದೆಂದು ಪಂಥ. ಕುಂಟನಾದ ಶಿಷ್ಯನು ಎಲ್ಲರನ್ನೂ ಮೀರಿಸಿ ಮಾಡಿದರೂ, ಆಕೆಯ ಮನಸ್ಸು ಇನ್ನೊಬ್ಬನಲ್ಲಿರುವುದನ್ನು ಅರಿತು ತನ್ನ ವಾದ್ಯವನ್ನು ಅವನ ಪೆಟ್ಟಿಗೆಯಲ್ಲಿಡುತ್ತಾನೆ.

ಇಲ್ಲಿ ಒಂದು ಉಪಾಯವನ್ನು ಗಮನಿಸಬೇಕು. ಚಿತ್ರದಲ್ಲಿ ನಾದವಿಲ್ಲ. ಆದುದರಿಂದ ಈ ವಾದ್ಯವು ಶ್ರೇಷ್ಠವೆಂದು ನೋಡುವವನು ನಂಬಬೇಕಾದರೆ, ಅದಕ್ಕಾಗಿ ಒಬ್ಬನು ಏನನ್ನಾದರೂ ತೆರಬೇಕು: ಒಬ್ಬನು ಕದಿಯಬೇಕು, ಒಬ್ಬನು ಅಳಬೇಕು, ಒಬ್ಬನು ತ್ಯಾಗಮಾಡಬೇಕು. ಕಿವಿಯು ಹೇಳಬೇಕಾದುದನ್ನು ಮನುಷ್ಯನ ಮುಖವು ಹೇಳಬೇಕು. ಬೆಲೆಬಾಳುವ ವಾದ್ಯದ ಮೂಕಚಿತ್ರಗಳು ಕಳವು, ಪ್ರೇಮ, ಸಾವು ಇವುಗಳನ್ನು ಬಿಡದೆ ಹಿಡಿದುಕೊಂಡುದು ಈ ಕಾರಣದಿಂದ.

ಆದರೂ ‘ಮೂಕ’ ಎಂಬ ಹೆಸರು ಚಿತ್ರಕ್ಕೆ ಸಲ್ಲುತ್ತಿದ್ದಿತೇ ಹೊರತು ಚಿತ್ರಮಂದಿರಕ್ಕಲ್ಲ. ೧೮೯೫ನೆಯ ನವೆಂಬರ್ ೧ರಂದು ಬರ್ಲಿನ್ನಿನ ವಿಂಟರ್‌ಗಾರ್ಟನ್ ಎಂಬ ವಿನೋದಮಂದಿರದಲ್ಲಿ ಮ್ಯಾಕ್ಸ್ ಮತ್ತು ಎಮಿಲ್ ಸ್ಕ್ಲಾಡನೋವ್‌ಸ್ಕಿ ಎಂಬ ಸಹೋದರರು ತಮ್ಮ ‘ಬಯೊಸ್ಕೋಪ್’ ಯಂತ್ರದಿಂದ ಕೆಲವು ಕಿರುಚಿತ್ರಗಳನ್ನು ತೋರಿಸಿದರು. ಪ್ಯಾರಿಸ್ಸಿನಲ್ಲಿ ಲೂಮಿಯೇರ್ ಸಹೋದರರು ಹಣ ಪಡೆದು ಚಿತ್ರ ತೋರಿಸಿದುದು ಅದೇ ವರ್ಷದ ಡಿಸೆಂಬರ್ ೨೮ರಂದು. ಅಂದರೆ ಎಂಟು ವಾರಗಳ ತರುವಾಯ. ಬರ್ಲಿನ್ನಿನ ಆ ಚಿತ್ರಗಳಲ್ಲಿ ಮಕ್ಕಳ ಕುಣಿತ, ದೊಂಬರ ಆಟ, ಮುಷ್ಟಿಯುದ್ಧ ಮಾಡುವ ಕಾಂಗರೂ, ಕುಸ್ತಿ ಇವೆಲ್ಲ ಇದ್ದವು. ಎಲ್ಲವೂ ಸೇರಿ ಕಾಲು ಗಂಟೆಯ ಆಟ. ಆ ಮೊದಲ ಸಂಜೆಯಿಂದಲೇ ಚಿತ್ರದೊಡನೆ ಮೇಳದ ಸಂಗೀತವು ಕೂಡಿತ್ತು.

ಚಿತ್ರಕ್ಕೂ ನಾದಕ್ಕೂ ಯಂತ್ರದಿಂದಲೇ ಗಂಟುಹಾಕುವ ಪ್ರಯತ್ನವು ಅದಕ್ಕಿಂತ ಮುಂಚೆಯೇ ಅಮೆರಿಕದಲ್ಲಿ ಆರಂಭವಾಗಿತ್ತು. ಆ ಪ್ರಯತ್ನಕ್ಕೆ ಒದಗಿದ ವಾದ್ಯವೂ ಪಿಟೀಲೇ. ಎಡಿಸನ್ನನ ಸಹಾಯಕನಾದ ಡಿಕ್ಸನ್ ಎಂಬುವನು ೧೮೯೪ರ ಕೊನೆಯಲ್ಲೋ ೧೮೯೫ರ ಮೊದಲಲ್ಲೋ ಒಂದು ದೊಡ್ಡ ತುತ್ತೂರಿಯ ಬಾಯಿಗೆ ಎದುರಾಗಿ ನಿಂತು ಪಿಟೀಲು ಬಾರಿಸಿದನು. ಪಕ್ಕದಲ್ಲಿ ಇಬ್ಬರು ಗಂಡಸರು ಕುಣಿದರು. ಅದು ಹದಿನೇಳು ಸೆಕೆಂಡುಗಳಷ್ಟು ಚಿತ್ರ. ನಾದವನ್ನು ಹಿಡಿದ ಮೇಣದ ಕೊಳವೆಯು ಮುರಿದು, ಚಿತ್ರದಿಂದ ಅಗಲಿಹೋಯಿತು. ಅದನ್ನು ದುರಸ್ತಿಮಾಡಿ ಚಿತ್ರದೊಡನೆ ಮತ್ತೆ ಕೂಡಿಸಿದುದು ಒಂದು ಶತಮಾನ ಕಳೆದ ಬಳಿಕ, ೨೦೦೦ದಲ್ಲಿ.

ಈಗ ಬರ್ಲಿನ್ನಿಗೆ ಹಿಂದಿರುಗೋಣ. ೧೯೦೩ನೆಯ ವರ್ಷವು ನಮ್ಮ ವಿಷಯದಲ್ಲಿ ಮುಖ್ಯವಾದುದು. ಆ ವರ್ಷ ಆ ಒಂದೇ ನಗರದಲ್ಲಿ ಎರಡು ಸಂಗತಿಗಳು ನಡೆದವು. ಯೂರೋಪಿನ ಪಿಟೀಲುವಿದ್ವಾಂಸರಲ್ಲಿ ಅಗ್ರಗಣ್ಯನೂ, ಬರ್ಲಿನ್ನಿನ ಸಂಗೀತ ವಿದ್ಯಾಲಯದ ಮುಖ್ಯಸ್ಥನೂ, ಸ್ಟ್ರಾಡಿವಾರಿಯ ಒಡೆಯನೂ ಆದ ಯೋಸೆಫ್ ಯೋಆಖಿಮನು ತನ್ನ ಎಪ್ಪತ್ತೆರಡನೆಯ ವಯಸ್ಸಿನ ಸುಮಾರಿನಲ್ಲಿ ಗ್ರಾಮಫೋನಿನ ಮುಂದೆ ನಿಂತು ಐದು ಮುಖಗಳಷ್ಟು ಸಂಗೀತವನ್ನು ಮುದ್ರಣಕ್ಕೆ ಕೊಟ್ಟನು: ಬಾಖನ ಎರಡು ಕೃತಿಗಳು, ಗೆಳೆಯನಾಗಿದ್ದ ಬ್ರಾಮ್ಸನ ಎರಡು ಹಂಗೇರಿಯ ನೃತ್ಯಗಳು, ತನ್ನದೇ ಆದ ಒಂದು. ಅದೇ ವರ್ಷದ ಆಗಸ್ಟ್ ೨೯ರಂದು ಅಪೊಲೊ ನಾಟಕಶಾಲೆಯಲ್ಲಿ ಓಸ್ಕರ್ ಮೆಸ್ಟರ್ ಎಂಬ ಯಂತ್ರನಿಪುಣನು ‘ಬಯೊಫೋನ್’ ಎಂಬ ತನ್ನ ಏರ್ಪಾಡನ್ನು ಜನರಿಗೆ ತೋರಿಸಿದನು. ಚಿತ್ರಯಂತ್ರವನ್ನೂ ಗ್ರಾಮಫೋನನ್ನೂ ವಿದ್ಯುತ್ತಿನಿಂದ ಕೂಡಿಸಿ ಒಂದೇ ವೇಗದಲ್ಲಿ ಓಡಿಸುವುದು ಅದರ ಕ್ರಮ. ಮೊದಲು ಹಾಡನ್ನು ತಟ್ಟೆಯಲ್ಲಿ ಮುದ್ರಿಸಿ, ಬಳಿಕ ಆ ತಟ್ಟೆಯನ್ನು ಹಾಕಿ ನಟರಿಂದ ತುಟಿಯಾಡಿಸಿ ಚಿತ್ರವನ್ನು ತೆಗೆಯುತ್ತಿದ್ದರು. ಇವುಗಳಿಗೆ ‘ಟೋನ್‌ಬಿಲ್ಟ್’, ಅಂದರೆ ನಾದಚಿತ್ರ, ಎಂದು ಹೆಸರಾಯಿತು. ಮುಂದಿನ ಹತ್ತು ವರ್ಷಗಳಲ್ಲಿ ಜರ್ಮನಿಯಲ್ಲಿ ಇಂತಹವು ಸಾವಿರಕ್ಕೂ ಮೇಲ್ಪಟ್ಟು ತಯಾರಾದವು. ಮುಂದೆ ಜರ್ಮನಿಯ ಮೊದಲ ದೊಡ್ಡ ತಾರೆಯಾದ ಹೆನ್ನಿ ಪೋರ್ಟನ್ ಚಿತ್ರರಂಗಕ್ಕೆ ಬಂದುದೂ ಈ ನಾದಚಿತ್ರಗಳ ಮೂಲಕ.

ಆದರೆ ಪಿಟೀಲಿಗೆ ಈ ಹೊಸ ಯಂತ್ರವು ಒಗ್ಗಲಿಲ್ಲ. ಆಗಿನ ಮುದ್ರಣಕ್ಕೆ ಮೈಕ್ ಇರಲಿಲ್ಲ; ತುತ್ತೂರಿಯೊಳಗೆ ಹೊಕ್ಕ ನಾದವೇ ಸೂಜಿಯನ್ನು ಅಲುಗಿಸಿ ಮೇಣವನ್ನು ಗೀರಬೇಕಾಗಿತ್ತು. ಗಾಯಕನ ಕಂಠ, ಹಿತ್ತಾಳೆಯ ಕಹಳೆ ಇವು ಚೆನ್ನಾಗಿ ಗೀರುತ್ತಿದ್ದವು. ಸಭಾಂಗಣವನ್ನು ತುಂಬಬಲ್ಲ ಸ್ಟ್ರಾಡಿವಾರಿಯ ಸೂಕ್ಷ್ಮನಾದವು ಮೇಣದ ಮೇಲೆ ನೊಣದ ಸದ್ದಾಗುತ್ತಿತ್ತು. ಆಗ ಫ್ರಾಂಕ್‌ಫರ್ಟಿನಲ್ಲಿ ಹುಟ್ಟಿ ಲಂಡನ್ನಿನಲ್ಲಿ ನೆಲೆಸಿದ್ದ ಆಗಸ್ಟಸ್ ಸ್ಟ್ರೋ ಎಂಬ ಯಂತ್ರಜ್ಞನು ೧೮೯೯ರಲ್ಲಿ ಒಂದು ಹೊಸ ಪಿಟೀಲಿಗೆ ಸನ್ನದು ಪಡೆದನು. ಅದಕ್ಕೆ ಮರದ ಹೊಟ್ಟೆಯೇ ಇಲ್ಲ. ಕುದುರೆಯ ಕೆಳಗೆ ಒಂದು ಲೋಹದ ತೆಳುತಗಡು, ಅದರಿಂದ ಹೊರಟ ಒಂದು ತುತ್ತೂರಿ. ನಾದವೆಲ್ಲ ಒಂದೇ ದಿಕ್ಕಿಗೆ ನೆಟ್ಟಗೆ ಹೊರಟು ಮುದ್ರಣದ ಕಹಳೆಯೊಳಕ್ಕೆ ಬೀಳುತ್ತಿತ್ತು. ಇನ್ನೂರು ವರ್ಷ ಮಾಗಿದ ಮರದ ಎದುರಿನಲ್ಲಿ ತಗಡಿನ ತುತ್ತೂರಿಗೆ ಮರ್ಯಾದೆ! ಸ್ಟೈನರನನ್ನು ದೊಡ್ಡ ಸಭಾಂಗಣವು ಹಿಂದಕ್ಕೆ ತಳ್ಳಿದಂತೆಯೇ, ಇಲ್ಲಿ ಸ್ಟ್ರಾಡಿವಾರಿಯನ್ನು ಒಂದು ಯಂತ್ರವು ಹಿಂದಕ್ಕೆ ತಳ್ಳಿತು. ನಾದವು ದೂರ ಹರಿಯಬೇಕೆಂಬ ಚಿಂತೆಯು ನಮ್ಮ ನಾಡಿನ ಪಿಟೀಲಿಗೂ ಹೊಸದಲ್ಲ. ಧ್ವನಿವರ್ಧಕವಿಲ್ಲದ ಸಭೆಗಳಲ್ಲಿ ಹಿಂದೆ ಕುಳಿತವರಿಗೂ ಕೇಳಿಸಲೆಂದೇ ಮೈಸೂರಿನ ವಿದ್ವಾನ್ ಟಿ. ಚೌಡಯ್ಯನವರು ಏಳು ತಂತಿಗಳ ಪಿಟೀಲನ್ನು ಕೈಗೆತ್ತಿಕೊಂಡುದು ನಮ್ಮವರಿಗೆಲ್ಲ ತಿಳಿದಿರುವ ಸಂಗತಿ.

ನಾದಚಿತ್ರಗಳು ಬಹುಕಾಲ ಬಾಳಲಿಲ್ಲ. ಗ್ರಾಮಫೋನು ತಟ್ಟೆಯು ಮೂರು ನಾಲ್ಕು ನಿಮಿಷಕ್ಕೆ ಮುಗಿಯುತ್ತಿತ್ತು; ಚಿತ್ರಗಳಾದರೋ ಉದ್ದವಾಗುತ್ತ ಬಂದವು. ದೊಡ್ಡ ಮಂದಿರಕ್ಕೆ ಗ್ರಾಮಫೋನಿನ ಸದ್ದು ಸಾಲದು. ಚಿತ್ರದ ಸುರುಳಿ ಒಂದು ಕಡೆ ಹರಿದು ಅಂಟಿಸಿದರೆ ಅಂದಿನಿಂದ ಹಾಡಿಗೂ ತುಟಿಗೂ ತಾಳ ತಪ್ಪಿತು. ೧೯೧೩ರ ಹೊತ್ತಿಗೆ ಅವು ಮೂಲೆಗೆ ಬಿದ್ದವು. ಅದೇ ವರ್ಷ ಮೆಸ್ಟರನ ಸಂಸ್ಥೆಯೇ ರಿಖಾರ್ಡ್ ವಾಗ್ನರನ ಜೀವನವನ್ನು ಕುರಿತು ದೀರ್ಘವಾದ ಮೂಕಚಿತ್ರವನ್ನು ಹೊರಡಿಸಿತು. ವಾಗ್ನರನ ಸಂಗೀತವನ್ನು ಬಳಸಲು ಅವನ ವಾರಸುದಾರರು ಕೇಳಿದ ಹಣವು ಹೆಚ್ಚಾಯಿತಾಗಿ, ಇಟಲಿಯಿಂದ ಬಂದಿದ್ದ ಜುಸೆಪ್ಪೆ ಬೆಚ್ಚೆ ಎಂಬುವನು ಬೇರೆ ಸಂಗೀತವನ್ನು ಹೊಂದಿಸಿದನು. ವಿಶೇಷವೇನೆಂದರೆ, ತೆರೆಯ ಮೇಲೆ ವಾಗ್ನರನ ವೇಷವನ್ನು ಹಾಕಿದವನೂ ಈ ಬೆಚ್ಚೆಯೇ.

ಇಲ್ಲಿಂದ ಮುಂದೆ ಸುಮಾರು ಹದಿನೈದು ವರ್ಷಗಳ ಕಾಲ ಚಿತ್ರಕ್ಕೆ ನಾದವನ್ನು ಕೊಟ್ಟವರು ಜೀವಂತ ಮನುಷ್ಯರು. ರಾಜಧಾನಿಯ ದೊಡ್ಡ ಮಂದಿರಗಳಲ್ಲಿ ಪೂರ್ಣವಾದ ವಾದ್ಯಮೇಳವೇ ಇರುತ್ತಿತ್ತು. ಸಣ್ಣ ಊರುಗಳಲ್ಲಿ ಒಂದು ಪಿಯಾನೊ, ಒಂದು ಪಿಟೀಲು. ಕೂಡಿಬಂದರೆ ಒಂದು ಚೆಲ್ಲೊ. ಇವರಲ್ಲಿ ಪಿಟೀಲುಗಾರನೇ ಮುಂದಾಳು. ಅವನು ನಿಂತುಕೊಂಡು ನುಡಿಸುತ್ತ ಕಮಾನಿನ ತುದಿಯಿಂದಲೇ ಉಳಿದವರಿಗೆ ಸನ್ನೆಮಾಡುತ್ತಿದ್ದನು. ಜರ್ಮನರು ಅವನನ್ನು ‘ನಿಂತ ಪಿಟೀಲುಗಾರ’ ಎಂಬರ್ಥದ ‘ಶ್ಟೇಗೈಗರ್’ ಎಂಬ ಹೆಸರಿನಿಂದಲೇ ಕರೆದರು. ಅವನ ಒಂದು ಕಣ್ಣು ತೆರೆಯ ಮೇಲೆ, ಇನ್ನೊಂದು ಕಣ್ಣು ಸ್ವರಲಿಪಿಯ ಮೇಲೆ. ೧೯೧೯ರಿಂದ ಬೆಚ್ಚೆಯು ‘ಕಿನೊಟೇಕ್’ ಎಂಬ ಹೆಸರಿನಲ್ಲಿ ಬಿರುಗಾಳಿ, ಅಟ್ಟಿಸಿಕೊಂಡು ಹೋಗುವುದು, ವಿರಹ, ಮರಣ ಹೀಗೆ ಸಂದರ್ಭಕ್ಕೊಂದರಂತೆ ಚಿಕ್ಕ ಚಿಕ್ಕ ಕೃತಿಗಳನ್ನು ಅಚ್ಚುಮಾಡಿಸಿ ಇಂತಹವರಿಗೆ ಒದಗಿಸಿದನು. ೧೯೨೭ರಲ್ಲಿ ಅವನೂ ಹಾನ್ಸ್ ಎರ್ಡ್‌ಮನ್ನನೂ ಸೇರಿ ಚಿತ್ರಸಂಗೀತಕ್ಕೆ ಒಂದು ದೊಡ್ಡ ಕೈಪಿಡಿಯನ್ನೇ ಹೊರತಂದರು.

ಪಿಟೀಲಿನ ಕಥೆಯುಳ್ಳ ಚಿತ್ರವು ಊರಿಗೆ ಬಂದಾಗ ಈ ಮನುಷ್ಯನ ಕೆಲಸವೇನಿದ್ದೀತೆಂಬುದನ್ನು ಯೋಚಿಸಿ. ತೆರೆಯ ಮೇಲೆ ಒಬ್ಬ ಸುಂದರನಾದ ನಟನು ಅಮೂಲ್ಯವೆಂದು ಕಥೆಯಲ್ಲಿ ಹೇಳಿದ ಪಿಟೀಲನ್ನು ಗಲ್ಲಕ್ಕೊತ್ತಿಕೊಳ್ಳುತ್ತಾನೆ. ಅವನಿಗೆ ನುಡಿಸಲು ಬಾರದು. ಅವನ ಕೈಯಲ್ಲಿರುವುದು ರಂಗಸಾಮಗ್ರಿ. ತೆರೆಯ ಕೆಳಗೆ, ಕತ್ತಲಲ್ಲಿ, ದೀಪವೊಂದರ ಮರೆಯಲ್ಲಿ ನಿಂತವನು ಆ ಕಮಾನು ಏರಿದಾಗ ತನ್ನದನ್ನು ಏರಿಸಿ, ನಿಂತಾಗ ನಿಲ್ಲಿಸಬೇಕು. ಅವನ ವಾದ್ಯವು ಬಹುಶಃ ಮಾರ್ಕ್‌ನ್ಯೂಕಿರ್ಷನ್ನಿನ ಯಾವುದೋ ಮನೆಯಿಂದ ಬಂದ ಅಗ್ಗದ ಪಿಟೀಲು. ಜನರು ತೆರೆಯನ್ನು ನೋಡಿ ಕಣ್ಣೀರಿಟ್ಟರು. ಅವರ ಕಿವಿಗೆ ಬಿದ್ದುದು ಮಾತ್ರ ಕೆಳಗಿನವನ ನಾದ. ಬೆಲೆಯಿಲ್ಲದ ಮರದಿಂದ ಬೆಲೆಯುಳ್ಳ ಮರದ ದನಿಯನ್ನು ಹೊರಡಿಸಿ, ಆ ಕೀರ್ತಿಯನ್ನು ತೆರೆಯ ಮೇಲಿನ ನೆರಳಿಗೆ ಒಪ್ಪಿಸಿ, ಆಟ ಮುಗಿದ ಮೇಲೆ ಪೆಟ್ಟಿಗೆಯನ್ನು ಮುಚ್ಚಿ ಮನೆಗೆ ಹೋಗುವುದು ಅವನ ವೃತ್ತಿ.

ಈ ವೃತ್ತಿಗೆ ಅಂತ್ಯವು ಒಂದು ಪ್ರಯೋಗಶಾಲೆಯಲ್ಲಿ ಸಿದ್ಧವಾಗುತ್ತಿತ್ತು. ಹಾನ್ಸ್ ಫೋಗ್ಟ್, ಯೋ ಎಂಗ್ಲ್, ಯೋಸೆಫ್ ಮಸ್ಸೋಲೆ ಎಂಬ ಮೂವರು, ಮೂವರ ಕೃತಿ ಎಂಬರ್ಥದ ‘ಟ್ರಿ-ಎರ್ಗಾನ್’ ಎಂಬ ಹೆಸರನ್ನಿಟ್ಟುಕೊಂಡು, ನಾದವನ್ನು ತಟ್ಟೆಯ ಮೇಲಲ್ಲದೆ ಚಿತ್ರದ ಸುರುಳಿಯ ಮೇಲೆಯೇ ಬೆಳಕಿನ ಗೆರೆಗಳಾಗಿ ಬರೆಯುವ ವಿಧಾನವನ್ನು ಕಂಡುಹಿಡಿದರು. ನಾದವು ವಿದ್ಯುತ್ತಾಗಿ, ವಿದ್ಯುತ್ತು ಬೆಳಕಾಗಿ, ಬೆಳಕು ಸುರುಳಿಯ ಮೇಲೆ ಕಪ್ಪು ಬಿಳುಪಿನ ಗೆರೆಯಾಗಿ ಬೀಳುವುದು. ಆಟದ ಹೊತ್ತಿನಲ್ಲಿ ಇದೇ ಕ್ರಮವು ತಿರುಗಿ ನಡೆಯುವುದು. ಇನ್ನು ಚಿತ್ರವೂ ನಾದವೂ ಅಗಲುವಂತಿಲ್ಲ. ೧೯೨೨ರ ಸೆಪ್ಟೆಂಬರ್ ೧೭ರಂದು ಬರ್ಲಿನ್ನಿನ ಅಲ್ಹಾಂಬ್ರ ಮಂದಿರದಲ್ಲಿ ಇದನ್ನು ಪ್ರದರ್ಶಿಸಿದರು. ೧೯೨೫ರ ಡಿಸೆಂಬರಿನಲ್ಲಿ ಊಫಾ ಸಂಸ್ಥೆಯು ಬೆಂಕಿಕಡ್ಡಿ ಮಾರುವ ಹುಡುಗಿಯ ಕಥೆಯನ್ನು ಈ ಕ್ರಮದಲ್ಲಿ ತೆಗೆದು ತೋರಿಸಿದಾಗ ನಾದವು ಕೆಟ್ಟು ಪ್ರಯತ್ನವು ವಿಫಲವಾಯಿತು. ಪಿಟೀಲುಗಾರರಿಗೆ ಇನ್ನೂ ಮೂರು ನಾಲ್ಕು ವರ್ಷಗಳ ಅವಧಿ ದೊರೆಯಿತು, ಅಷ್ಟೆ. ೧೯೨೮ರಲ್ಲಿ ಟೋಬಿಸ್, ಕ್ಲಾಂಗ್‌ಫಿಲ್ಮ್ ಎಂಬ ಸಂಸ್ಥೆಗಳು ಹುಟ್ಟಿದವು. ೧೯೨೯ರಲ್ಲಿ ಜರ್ಮನಿಯ ವಾಕ್ಚಿತ್ರಗಳು ಹೊರಬಂದವು. ೧೯೩೦ರ ಏಪ್ರಿಲಿನಲ್ಲಿ ‘ನೀಲಿ ದೇವತೆ’ ಎಂಬ ಚಿತ್ರವು ಲೋಕಪ್ರಸಿದ್ಧವಾಯಿತು.

ಮಂದಿರದ ಮಾಲೀಕರಿಗೆ ಲೆಕ್ಕ ಸುಲಭ. ಯಂತ್ರಕ್ಕೆ ಒಮ್ಮೆ ಹಣ ಕೊಟ್ಟರಾಯಿತು. ಮೇಳಕ್ಕೆ ಪ್ರತಿವಾರವೂ ಸಂಬಳ. ಸಾವಿರಾರು ವಾದಕರು ಕೆಲಸವನ್ನು ಕಳೆದುಕೊಂಡರು. ಅದೂ ಎಂತಹ ಕಾಲದಲ್ಲಿ! ೧೯೨೯ರ ಆರ್ಥಿಕ ಮುಗ್ಗಟ್ಟು ಜರ್ಮನಿಯ ಮೇಲೆ ಬಿದ್ದು ಬೀದಿಬೀದಿಗಳಲ್ಲಿ ನಿರುದ್ಯೋಗಿಗಳು ನಿಂತಿದ್ದ ಕಾಲದಲ್ಲಿ. ಸಂಗೀತಗಾರರ ಸಂಘದವರೂ ವಿನೋದಮಂದಿರದ ಕಲಾವಿದರ ಸಂಘದವರೂ ಸೇರಿ ಕರಪತ್ರಗಳನ್ನು ಹಂಚಿ, ವಾಕ್ಚಿತ್ರವು ಕಲೆಯನ್ನೂ ಕಲಾವಿದನನ್ನೂ ಕೊಲ್ಲುವುದೆಂದೂ ಜೀವಂತ ವಾದ್ಯಮೇಳವನ್ನು ಉಳಿಸಬೇಕೆಂದೂ ಪ್ರೇಕ್ಷಕರನ್ನು ಬೇಡಿಕೊಂಡರು. ಪ್ರೇಕ್ಷಕರು ಕರಪತ್ರವನ್ನು ಓದಿಕೊಂಡೇ ವಾಕ್ಚಿತ್ರಕ್ಕೆ ಹೋದರು. ಅವರನ್ನು ಪೂರ್ತಿಯಾಗಿ ನಿಂದಿಸಲಾಗದು; ಒಬ್ಬನ ಮಾತನ್ನು ಅವನ ತುಟಿಯಿಂದಲೇ ಕೇಳಬೇಕೆಂಬ ಆಸೆ ಸಹಜವಾದುದು. ಅಲ್ಲದೆ ಸಣ್ಣ ಊರಿನ ಮೂವರ ಮೇಳಕ್ಕೆ ಒಗ್ಗಿದ್ದ ಕಿವಿಗೆ ಬರ್ಲಿನ್ನಿನ ಉತ್ತಮ ವಾದ್ಯಮೇಳವು ಮೊದಲ ಸಲ ಬಿದ್ದುದು ಈ ವಾಕ್ಚಿತ್ರಗಳ ಮೂಲಕ. ಲಾಭವೂ ನಿಜ, ನಷ್ಟವೂ ನಿಜ. ಆದರೆ ಲಾಭ ಪಡೆದವರು ಒಬ್ಬರು, ನಷ್ಟವನ್ನು ತೆತ್ತವರು ಬೇರೊಬ್ಬರು.

೧೯೩೫ರಲ್ಲಿ ಗೇಜಾ ಫಾನ್ ಬೋಲ್ವಾರಿ ಎಂಬ ನಿರ್ದೇಶಕನು ಜರ್ಮನಿಯಲ್ಲಿ ‘ಸ್ಟ್ರಾಡಿವಾರಿ’ ಎಂಬ ಚಿತ್ರವನ್ನೇ ತೆಗೆದನು. ಈಗ ಕಥೆಯ ಪಿಟೀಲು ತೆರೆಯಿಂದಲೇ ನುಡಿಯಿತು. ತೆರೆಯ ಕೆಳಗಿನ ಸ್ಥಳ ಬರಿದಾಗಿತ್ತು. ನಾಲ್ಕು ದಶಕಗಳ ಹಿಂದೆ ಕಣ್ಣಿಗೆ ಮಾತ್ರ ಸಿಕ್ಕಿದ್ದ ವಾದ್ಯವು ಕಿವಿಗೂ ಸಿಕ್ಕಿತು.

ಈ ಕಥೆಯಿಂದ ಉಳಿದುದೇನು? ಅಂದಿನ ಚಿತ್ರಸುರುಳಿಗಳು ಬೇಗ ಬೆಂಕಿ ಹತ್ತುವ ಪದಾರ್ಥದವು. ಮೂಕಯುಗದ ಚಿತ್ರಗಳಲ್ಲಿ ದೊಡ್ಡ ಪಾಲು ಸುಟ್ಟೋ ಶಿಥಿಲವಾಗಿಯೋ ನಾಶವಾಯಿತು. ಸ್ಟ್ರಾಡಿವಾರಿಯ ವಾದ್ಯಗಳು ಗಾಜಿನ ಪೆಟ್ಟಿಗೆಗಳಲ್ಲಿಯೂ ಭಾಗ್ಯವಂತರಾದ ವಿದ್ವಾಂಸರ ಕೈಗಳಲ್ಲಿಯೂ ಭದ್ರವಾಗಿವೆ. ಯೋಆಖಿಮನ ಐದು ಮುಖಗಳ ಸಂಗೀತವು, ಸೂಜಿಯ ಗೀರುಸದ್ದಿನ ಹಿಂದೆ ಕ್ಷೀಣವಾಗಿಯಾದರೂ, ಇಂದಿಗೂ ಕೇಳಿಸುತ್ತದೆ. ಉಳಿಯದೆ ಹೋದುದು ಕತ್ತಲಲ್ಲಿ ನಿಂತವನ ನಾದವೊಂದೇ. ಅದನ್ನು ಯಾರೂ ಮುದ್ರಿಸಲಿಲ್ಲ. ಅವನ ವಾದ್ಯಕ್ಕೆ ಯಾರೂ ಬೆಲೆಕಟ್ಟಲಿಲ್ಲ. ಅವನ ಹೆಸರು ಹಂಚಿದ ಜಾಹೀರಾತಿನಲ್ಲಿಯೂ ಇರಲಿಲ್ಲ. ಆದರೂ ಒಂದು ಇಡೀ ಪೀಳಿಗೆಯ ಸಾಮಾನ್ಯ ಜನರು ಪಿಟೀಲೆಂದರೆ ಇಂತಹುದೆಂದು ಅರಿತುದು ಅವನಿಂದ. ಅಮೂಲ್ಯವಾದ ಪಿಟೀಲುಗಳ ಚರಿತ್ರೆಯನ್ನು ಬರೆಯುವವರು ಒಳಗಿನ ಚೀಟಿಯನ್ನು ಓದಿ, ಒಡೆಯರ ಹೆಸರುಗಳನ್ನು ಸಾಲಾಗಿ ಕೊಡುವುದು ವಾಡಿಕೆ. ಆ ಸಾಲಿನ ಕೊನೆಯಲ್ಲಿ, ಚೀಟಿಯೂ ಇಲ್ಲದ ಒಂದು ಪಿಟೀಲಿಗೂ, ಹೆಸರೂ ಉಳಿಯದ ಒಬ್ಬ ಪಿಟೀಲುಗಾರನಿಗೂ ಸ್ವಲ್ಪ ಸ್ಥಳವನ್ನು ಬಿಡುವುದು ನ್ಯಾಯವೆಂದು ನಾವು ಭಾವಿಸುತ್ತೇವೆ.